ಬೀಗ ಹಾಕಿದ ಡಯಲ್ಲು

ದೊಡ್ಡನೆಕ್ಕುಂದಿ
೬ ಡಿಸೆಂಬರ್ ೧೯೮೩, ಮಂಗಳವಾರ
ರಾತ್ರಿ ಒಂದೂಕಾಲು

ಪ್ರೀತಿಯ ಅಕ್ಕ,

ಹೇಗಿದ್ದೀಯ? ಎಡಗಿವಿಯ ನೋವು ಕಡಿಮೆಯಾಯಿತಾ? ರಾತ್ರಿಯಿಡೀ ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ಆ ಹೆಡ್‌ಫೋನು ಸಿಕ್ಕಿಸಿಕೊಂಡು ಕೂರುವವಳು, ಬೆಳಿಗ್ಗೆ ಮನೆಗೆ ಹೋದಮೇಲಾದರೂ ಬೆಚ್ಚಗಿನ ಬಟ್ಟೆ ಒತ್ತಿಕೋ. ಈ ವಾರವೂ ನಿನಗೆ ರಾತ್ರಿ ಪಾಳಿಯೇ ಅಂತ ನಂಬಿಕೊಂಡು ಬರೆಯುತ್ತಿದ್ದೇನೆ. ಹಾಗಿಲ್ಲದಿದ್ದರೆ ಈ ಕಾಗದ ಯಾವ ಪ್ರಯೋಜನಕ್ಕೂ ಬಾರದು.

ಒಂದೂ ಹತ್ತಕ್ಕೆ ಎಚ್ಚರವಾಯಿತು. ಹಿಂದಿನ ಶೆಡ್ಡಿನ, ತಗಡು ಒತ್ತುವ ಪ್ರೆಸ್ ಮೆಷೀನು ದಡ್ ದಡ್ ಅಂತ ಹೊಡೆಯುತ್ತಲೇ ಇರುತ್ತದಲ್ಲ, ನೀನು ಬಂದಾಗ "ಇದೇನೇ ಪಂಕಿ, ನಿಮ್ಮ ಮನೆ ಗೋಡೆಗೇ ಎದೆ ಬಡ್ಕೋತಾ ಇದೆ" ಅಂದಿದ್ದೆಯಲ್ಲ, ಕರೆಂಟು ಹೋಗಿ ಅದು ಥಟ್ಟನೆ ನಿಂತುಹೋಯಿತು. ಆ ಮೌನದೊಳಗೆ ಪಾಪುವಿನ ಉಸಿರು ಕೇಳಿತು. ಒಳಗೆ ಎಳೆದುಕೊಳ್ಳುವಾಗ ಸಣ್ಣಗೆ ಒಂದು ಸದ್ದು, ಎಣ್ಣೆ ಕಾಣದ ಬಾಗಿಲಿನ ಹಾಗೆ. ಮೂರು ಉಸಿರಿಗೊಮ್ಮೆ. ಆಮೇಲೆ ಎರಡಕ್ಕೊಮ್ಮೆ. ಕೇಳಿಸಿತೋ, ನಾನೇ ಕೇಳಿಸಿಕೊಂಡೆನೋ, ಅದನ್ನು ಹೇಳುವ ಯೋಗ್ಯತೆ ನನಗೆ ಉಳಿದಿಲ್ಲ. ಇವರು ಇವತ್ತೂ ರಾತ್ರಿ ಪಾಳಿಗೆ ಹೋಗಿದ್ದಾರೆ. ಬುಡ್ಡಿದೀಪ ಹಚ್ಚಿಕೊಂಡು ತೊಟ್ಟಿಲಿನಿಂದ ಎರಡು ಮಾರು ದೂರ ಕೂತು ಬರೆಯುತ್ತಿದ್ದೇನೆ. ಇನ್ನೂ ಮುಟ್ಟಿ ನೋಡಿಲ್ಲ. ಮುಟ್ಟಬಾರದು, ಅರ್ಧ ಗಂಟೆ.

ಈ ಅರ್ಧ ಗಂಟೆಯ ವಿಷಯ ನಿನಗೆ ಸರಿಯಾಗಿ ಯಾರೂ ಹೇಳಿರಲಿಕ್ಕಿಲ್ಲ. ಹೆರಿಗೆಯಾಗಿ ಮನೆಗೆ ಬಂದಾಗಿನಿಂದ ಏಳು ತಿಂಗಳು ನಾನು ಮಾಡುತ್ತಿದ್ದದ್ದು ನಿನಗೆ ಗೊತ್ತು. ಮೂಗಿನ ಕೆಳಗೆ ಬೆರಳಿಡುವುದು, ಕನ್ನಡಿ ಹಿಡಿಯುವುದು, ಇವರನ್ನು ಎಬ್ಬಿಸಿ "ಪಾಪು ಉಸಿರಾಡ್ತಿದ್ದಾಳಾ ನೋಡಿ" ಅನ್ನುವುದು. ಇವರು ರಾತ್ರಿ ಪಾಳಿಗೆ ಹೋದ ದಿನ ಕೆಳಗಿಳಿದು, ಮನೆ ಮಾಲೀಕ ಹನುಮಂತರಾಯಪ್ಪನವರ ಫೋನಿನಿಂದ ನಿನ್ನನ್ನು ಹಿಡಿಯುವುದು. ನೀನು ಪ್ರತಿ ಸಲವೂ "ಮಗು ಚೆನ್ನಾಗಿದೆ ಕಣೇ, ಹೋಗಿ ಮಲಗು" ಅನ್ನುತ್ತಿದ್ದೆ. ಅಲ್ಲಿ ಕೂತವಳಿಗೆ ಇಲ್ಲಿನ ಮಗು ಹೇಗೆ ಕಂಡೀತು ಅಂತ ನಾನೂ ಕೇಳಲಿಲ್ಲ, ನೀನೂ ಹೇಳಲಿಲ್ಲ. ಮಹಡಿ ಮೆಟ್ಟಿಲು ಹತ್ತಿ ಮುಗಿಯುವಷ್ಟು ಹೊತ್ತು ಆ ಮಾತು ನನ್ನನ್ನು ಹಿಡಿದಿಡುತ್ತಿತ್ತು. ಬಾಗಿಲು ಹಾಕುವಷ್ಟರಲ್ಲಿ ಮತ್ತೆ ಶುರು.

ಸೆಪ್ಟೆಂಬರಿನಲ್ಲಿ ಇವರು ಸಿಟಿಯ ಮನೋರೋಗದ ಆಸ್ಪತ್ರೆಗೆ ಕರೆದುಕೊಂಡು ಹೋದರು. ಅಲ್ಲಿ ಮನಶ್ಶಾಸ್ತ್ರದ ಮೇಡಂ ಒಬ್ಬರಿದ್ದಾರೆ, ನನಗಿಂತ ಎರಡು ವರ್ಷ ದೊಡ್ಡವರಿರಬಹುದು. ಇಂಜೆಕ್ಷನ್ ಇಲ್ಲ, ಶಾಕ್ ಇಲ್ಲ, ಬರೀ ಮಾತು ಮತ್ತು ಅಭ್ಯಾಸ. ಮನೆ ಮಾಲೀಕರ ಹೆಂಡತಿ ಭಾಗ್ಯಮ್ಮನಿಗೆ ಹೇಳಿದರೆ ನಕ್ಕುಬಿಟ್ಟರು. "ಮಾತಾಡಕ್ಕೂ ಡಾಕ್ಟ್ರಾ? ನಮ್ಮ ಬೀದೀಲಿ ಕುಂತ್ಕೋ ತಾಯಿ, ಬ್ಯಾಡ ಅಂದ್ರೂ ಬಿಡಾಕಿಲ್ಲ." ಮೊದಲು ಚಾಪೆಯ ಮೇಲೆ ಮಲಗಿಸಿ ಮುಷ್ಟಿ ಬಿಗಿ ಹಿಡಿ, ಬಿಡು, ಹುಬ್ಬು ಬಿಗಿ, ಬಿಡು ಅಂತ ಕಲಿಸಿದರು. ತಮ್ಮ ಧ್ವನಿಯಲ್ಲೇ ಒಂದು ಕ್ಯಾಸೆಟ್ ಮಾಡಿಕೊಟ್ಟರು. ಆಮೇಲೆ ಹತ್ತು ಮೆಟ್ಟಿಲಿನ ಒಂದು ಏಣಿ ಬರೆಸಿದರು. ಕೆಳಗಿನ ಮೆಟ್ಟಿಲು, ಪಾಪು ಮಲಗಿರುವಾಗ ಅಡುಗೆಮನೆಗೆ ಹೋಗಿ ಒಂದು ಲೋಟ ನೀರು ಕುಡಿದು ಬರುವುದು. ಮೇಲಿನದು, ರಾತ್ರಿಯೆಲ್ಲ ಏಳದೆ ಮಲಗುವುದು. ಭಯ ಬಂದಾಗ ಅದನ್ನು ಓಡಿಸದೆ ಪಕ್ಕದಲ್ಲಿ ಕೂರಿಸಿಕೊಂಡು ಅದಕ್ಕೆ ಸೊನ್ನೆಯಿಂದ ನೂರರವರೆಗೆ ಅಂಕ ಹಾಕಬೇಕು. ಏರಿದ್ದು ತಾನಾಗಿಯೇ ಇಳಿಯುತ್ತದೆ ಅಂದರು. ನಂಬಿರಲಿಲ್ಲ. ಆದರೆ ಇಳಿಯಿತು ಅಕ್ಕ. ನವೆಂಬರ್ ಎರಡನೇ ವಾರ ಎಂಬತ್ತು ಇದ್ದದ್ದು ಮೂವತ್ತೈದಕ್ಕೆ ಬಂತು. ಒಂದು ಮಧ್ಯಾಹ್ನ ಪಾಪುವನ್ನು ಮಲಗಿಸಿ ಅವರೆಕಾಯಿ ಸುಲಿಯುತ್ತಾ ಕೂತು, ಒಂದು ಮೊರದ ಕಾಯಿ ಮುಗಿಸಿದ ಮೇಲೆ ನೆನಪಾಯಿತು, ನಾನು ಒಳಗೆ ಹೋಗಿ ನೋಡೇ ಇಲ್ಲ ಅಂತ. ಆ ದಿನ ನಿನಗೆ ಕಾಗದ ಬರೆಯಬೇಕಿತ್ತು. ಯಾಕೆ ಬರೆಯಲಿಲ್ಲವೋ.

ಏಳನೇ ಮೆಟ್ಟಿಲು ಈಗಿನದು. ರಾತ್ರಿ ಎಚ್ಚರವಾದರೆ ಅರ್ಧ ಗಂಟೆ ಮುಟ್ಟದೆ ಇರುವುದು, ಯಾರನ್ನೂ ಕೇಳದೆ ಇರುವುದು. ಕೇಳುವುದೇ ನಿಮ್ಮ ಕಾಯಿಲೆಗೆ ಊಟ ಅಂದರು ಮೇಡಂ. ಮನೆಯವರು ಉತ್ತರ ಕೊಟ್ಟಷ್ಟೂ ಅದು ದಪ್ಪಗಾಗುತ್ತದೆ. ಇದನ್ನು ಇವರೂ ಕೂತು ಕೇಳಿಸಿಕೊಂಡರು. ನಿನ್ನ ತಂಗಿಯ ಗಂಡ ಫ್ಯಾಕ್ಟರಿಯಲ್ಲಿ ಮಾಲು ತಪಾಸಣೆಯ ಸೂಪರ್‌ವೈಸರು ಅನ್ನುವುದು ಗೊತ್ತಲ್ಲ. ಮಾರನೇ ದಿನವೇ ಆಫೀಸಿನ ಟೈಪಿಸ್ಟ್ ಕೈಲಿ ಕನ್ನಡದಲ್ಲಿ ಒಂದು ಹಾಳೆ ಟೈಪ್ ಮಾಡಿಸಿ, ನಾಲ್ಕು ಕಾರ್ಬನ್ ಪ್ರತಿ ತೆಗೆಸಿ, ಕೆಳಗೆ ಪಟ್ಟಾಭಿರಾಮ ಅಂತ ಸಹಿ ಹಾಕಿ ಹಂಚಿಬಿಟ್ಟರು. ಒಂದು ಅಡುಗೆಮನೆ ಗೋಡೆಗೆ, ಒಂದು ಹನುಮಂತರಾಯಪ್ಪನವರಿಗೆ, ಒಂದು ಆನೇಕಲ್ಲಿಗೆ ಅತ್ತೆಗೆ. ಒಂದು ನಿನಗೆ ಬಂದಿದೆ. ಬಂದಿರಲೇಬೇಕು, ಇಲ್ಲದಿದ್ದರೆ ನೀನು ಮೂರು ವಾರ ಹೀಗೆ ಸುಮ್ಮನಿರುವವಳಲ್ಲ. "ಪಂಕಜಾ ಮಗುವಿನ ಬಗ್ಗೆ ಕೇಳುವ ಯಾವ ಪ್ರಶ್ನೆಗೂ ಉತ್ತರ ಕೊಡಬಾರದು." ಅದರ ಜೊತೆಗೇ ಕೆಳಗಿನ ಫೋನಿನ ಡಯಲ್ಲಿಗೆ ಒಂದು ಪುಟ್ಟ ಬೀಗ ಬಂತು. ಮೊದಲನೇ ತೂತಿಗೆ ಸಿಕ್ಕಿಸುವಂಥದ್ದು. ಬರುವ ಫೋನು ಬರುತ್ತದೆ, ನಾವು ಮಾಡುವ ಹಾಗಿಲ್ಲ. ಹನುಮಂತರಾಯಪ್ಪನವರೂ ಒಪ್ಪಿದ್ದರಿಂದ ಅದರ ಕೀಲಿ ಇವರ ಗೊಂಚಲಿನಲ್ಲಿದೆ. ಥರ್ಮಾಮೀಟರು ಇವರ ಷರ್ಟಿನ ಜೇಬಿನಲ್ಲಿ ದಿನಾ ಫ್ಯಾಕ್ಟರಿಗೆ ಹೋಗಿಬರುತ್ತದೆ.

ಆದರೆ ಮೇಡಂ ಹೇಳಿದ್ದು ಅದಲ್ಲ. ನನ್ನ ನೋಟ್‌ಬುಕ್ಕಿನ ಮೊದಲ ಪುಟದಲ್ಲಿ ಅವರದೇ ಕೈಬರಹದಲ್ಲಿದೆ. "ಒಂದು ಪ್ರಶ್ನೆಗೆ ಒಂದು ಸಲ ನಿಜವಾದ ಉತ್ತರ ಕೊಡಿ. ಅದೇ ಪ್ರಶ್ನೆ ಎರಡನೇ ಸಲ ಬಂದರೆ ಕೊಡಬೇಡಿ." ಟೈಪ್ ಆದ ಹಾಳೆಯಲ್ಲಿ ಆ ಒಂದು ಸಲ ಇಲ್ಲವೇ ಇಲ್ಲ. ತೋರಿಸಿದೆ. "ಒಂದು ಅಂತ ಬಿಟ್ರೆ ಅದು ಹತ್ತಾಗುತ್ತೆ ಪಂಕಜಾ. ಒಂದು ಪೀಸು ಹೋಗ್ಲಿ ಅಂತ ಬಿಟ್ಟ ದಿನ ಇಡೀ ಲಾಟ್ ಕೆಡುತ್ತೆ" ಅಂದರು. ಮೇಡಂ ಹತ್ತಿರ ಹೇಳೋಣವೆಂದರೆ ಅವರು ಎರಡು ಬುಧವಾರದಿಂದ ರಜೆಯಲ್ಲಿದ್ದಾರೆ. ಇವರು ಕೆಟ್ಟವರಲ್ಲ ಅಕ್ಕ. ನಾನು ಕೇಳಿ, ಇವರು ಉತ್ತರ ಕೊಡದೆ ಪೇಪರು ಹಿಡಿದು ಕೂತಾಗ ಅದರ ಪುಟ ತಿರುಗುವುದೇ ಇಲ್ಲ. ನಾನು ವಾಸಿಯಾಗಲಿ ಅಂತ ಅಷ್ಟು ಗಟ್ಟಿಯಾಗಿ ಹಲ್ಲು ಕಚ್ಚಿಕೊಂಡಿದ್ದಾರೆ.

ಸದ್ದು ಮತ್ತೆ ಬಂತು, ಈಗ. ಬರೆಯುತ್ತಿರುವಾಗಲೇ.

ಇಪ್ಪತ್ತೆಂಟು ನಿಮಿಷ. ಅಂಕ ತೊಂಬತ್ತೈದು. ಇಳಿಯುತ್ತಿಲ್ಲ. ನೋಟ್‌ಬುಕ್ಕಿನಲ್ಲಿ ಗೆರೆ ಎಳೆದು ಬರೆಯಲು ನೋಡಿದೆ. ಒಂದು ಕಡೆ ಯೋಚನೆ, ಒಂದು ಕಡೆ ಅದಕ್ಕೆ ಸಾಕ್ಷಿ, ಇನ್ನೊಂದು ಕಡೆ ವಿರುದ್ಧ ಸಾಕ್ಷಿ. ಯೋಚನೆ, ಮಗುವಿಗೆ ಉಸಿರು ಕಟ್ಟುತ್ತಿದೆ. ಸಾಕ್ಷಿ, ಸದ್ದು. ವಿರುದ್ಧ ಸಾಕ್ಷಿ, ಈ ಏಳು ತಿಂಗಳಲ್ಲಿ ಸಾವಿರ ಸಲ ಇದೇ ಯೋಚನೆ ಬಂದಿದೆ, ಸಾವಿರ ಸಲವೂ ಸುಳ್ಳು. ಈ ಕಡೆಯದನ್ನು ನಾನೇ ಬರೆದೆ. ಓದಿದರೆ ನನಗೇ ಸರಿ ಅನ್ನಿಸುತ್ತದೆ. ಅದೇ ಭಯ. ಸಾವಿರದೊಂದನೆಯದು ನಿಜವಾದರೆ ಅದಕ್ಕೆ ಬೇರೆ ಮುಖ ಇರುತ್ತದೆಯೇ?

ಮುಟ್ಟಿದೆ. ಬಿಸಿಯಿದೆ. ನನ್ನ ಕೈ ಐಸಿನ ಹಾಗಿದೆ, ಹಾಗಾಗಿ ಬಿಸಿ ಅನ್ನಿಸಿತೋ ಏನೋ. ಎದೆಗೆ ಕಿವಿಯಿಟ್ಟರೆ ನನ್ನದೇ ರಕ್ತ ಭೋರ್ ಅನ್ನುತ್ತದೆ.

ಕೆಳಗೆ ಹೋಗಿ ಬಾಗಿಲು ತಟ್ಟಿದೆ, ಇದನ್ನೂ ಹೇಳಿಬಿಡುತ್ತೇನೆ. "ಭಾಗ್ಯಮ್ಮಾ, ಒಂದು ಸಲ ಬಂದು ನೋಡಿ ಸಾಕು" ಅಂದೆ. ಕಿಟಕಿಯಲ್ಲಿ ಟಾರ್ಚ್ ಬೆಳಕು ಹತ್ತಿತು. ಬಳೆ ಸದ್ದಾಯಿತು. ಹನುಮಂತರಾಯಪ್ಪನವರ ದನಿ ಕೇಳಿತು, "ಏಳ್ಬ್ಯಾಡ ಕಣೇ, ಆ ಹಾಳೇಲಿ ಬರ್ದವ್ರಲ್ಲ. ಇನ್ನೊಂದಪ ಬಡ್ದು ಓಗ್ತದೆ, ಪಾಪ." ಟಾರ್ಚ್ ಆರಿತು. ಅಕ್ಕ, ಅವರು ಆ ಪಾಪ ಅಂದದ್ದು ಪ್ರೀತಿಯಿಂದಲೇ. ನಾನು ಇನ್ನೊಂದು ಸಲ ಬಡಿದು ಬಂದೆ.

ಎರಡೂವರೆಗೆ ಅವರ ತಮ್ಮ ಮುನಿಯಣ್ಣ ಬೆಳ್ಳಂದೂರು ಕೆರೆ ಹಿಂದಿನ ತೋಟದ ಸೊಪ್ಪು ತುಂಬಿಕೊಂಡು ಟೆಂಪೋದಲ್ಲಿ ಸಿಟಿ ಮಾರ್ಕೆಟ್ಟಿಗೆ ಹೋಗುತ್ತಾನೆ. ಹಿಂದೊಮ್ಮೆ ನಿನಗೆ ಹುಳಿಪುಡಿ ತಂದುಕೊಟ್ಟವನೇ. "ಏನ್ ಕೊಟ್ರೂ ಮುಟ್ಟಿಸ್ತೀನಿ ಅಕ್ಕ, ಮಗೀನ್ ಇಸ್ಯ ಒಂದು ಕೇಳ್ಬ್ಯಾಡಿ, ಅಣ್ಣ ಬಯ್ತದೆ" ಅಂತ ಮೊನ್ನೆಯೇ ಕೈಮುಗಿದಿದ್ದಾನೆ. ಈ ಕಾಗದ ಅವನ ಕೈಲಿ ಎಕ್ಸ್‌ಚೇಂಜಿನ ಬಾಗಿಲಿಗೆ ಬರುತ್ತದೆ. ಅದೇ ಟೆಂಪೋದಲ್ಲಿ ಮಗುವನ್ನು ಎತ್ತಿಕೊಂಡು ನಾನೇ ಯಾಕೆ ಬರಬಾರದು ಅಂತ ನೀನು ಕೇಳುತ್ತೀಯ. ಎರಡು ಸಲ ಹಾಗೇ ಮಾಡಿದ್ದೇನೆ. ಅಕ್ಟೋಬರಿನಲ್ಲಿ ಒಮ್ಮೆ, ದೀಪಾವಳಿಯ ಮಾರನೇ ರಾತ್ರಿ ಒಮ್ಮೆ, ಮಕ್ಕಳ ಆಸ್ಪತ್ರೆಗೆ ಓಡಿದ್ದೆ. ಎರಡು ಸಲವೂ ಪಾಪು ನರ್ಸಿನ ಮುಖ ನೋಡಿ ನಕ್ಕಳು. ಮೂರನೇ ಸಲ ಓಡಿದರೆ ನಾನು ವಾಸಿಯಾಗುವವರೆಗೆ ಮಗು ಆನೇಕಲ್ಲಿನಲ್ಲಿ ಅತ್ತೆಯ ಹತ್ತಿರ ಅಂತ ಮಾತಾಗಿದೆ. ನಾನೂ ಒಪ್ಪಿದ್ದೇನೆ. ಅತ್ತೆ ಆಗಲೇ ಬಾಟಲಿ, ನಿಪ್ಪಲು ತಂದಿಟ್ಟಿದ್ದಾರೆ. ವಾಸಿಯಾಗುವವರೆಗೆ ಅಂದರೆ ಎಷ್ಟು ದಿನ ಅಂತ ಯಾರೂ ಹೇಳಲಿಲ್ಲ, ಅದಕ್ಕೂ ಉತ್ತರ ಕೊಡಬಾರದಂತೆ. ಹೋದರೆ ಮಗು ನನ್ನ ಕೈ ತಪ್ಪುತ್ತದೆ. ಹೋಗದೆ, ಸದ್ದು ನಿಜವಾಗಿದ್ದರೂ ತಪ್ಪುತ್ತದೆ. ಎರಡರ ನಡುವೆ ಕೂತಿದ್ದೇನೆ, ಇಲ್ಲಿಂದ ಏಳುವ ದಾರಿ ನನಗೆ ಕಾಣುತ್ತಿಲ್ಲ.

"ಈ ಭಯ ಮೊದಲು ಬಂದದ್ದು ಯಾವಾಗ?" ಅಂತ ಮೇಡಂ ಮೂರು ಸಲ ಕೇಳಿದರು. ಹೆರಿಗೆಯಾದ ಮೇಲೆ ಅಂದೆ. ಸುಳ್ಳು. ಹೊಸಕೋಟೆ ಮನೆಯ ನಡುಮನೆ, ತಮ್ಮನ ತೊಟ್ಟಿಲು. ನನಗೆ ಏಳು, ನಿನಗೆ ಹನ್ನೆರಡು. ಇದೇ ಸದ್ದು, ಎಣ್ಣೆ ಕಾಣದ ಬಾಗಿಲು. ಅಮ್ಮನನ್ನು ಎಬ್ಬಿಸಿದೆ, "ಏನೂ ಇಲ್ಲ, ಮಲಕ್ಕೋ" ಅಂದಳು. ಅಜ್ಜಿಗೆ ಹೇಳಿದೆ, ಬೈದರು. ಕೊನೆಗೆ ನಿನ್ನನ್ನು ಅಲುಗಿಸಿದೆ. ನೀನು ಎದ್ದು ಕೂತು ಸ್ವಲ್ಪ ಹೊತ್ತು ಕಿವಿಗೊಟ್ಟು ಕೇಳಿದೆ. ಆಮೇಲೆ ಕಂಬಳಿ ನನ್ನ ತಲೆಯ ಮೇಲೆ ಎಳೆದು "ಶೀತ ಕಣೇ, ಅಷ್ಟೆ" ಅಂದೆ. ಬೆಳಿಗ್ಗೆ ತೊಟ್ಟಿಲು ಬಿಚ್ಚಿ ಅಟ್ಟಕ್ಕೆ ಹಾಕಿದರು. ಆಮೇಲೆ ನಮ್ಮ ಮನೆಯಲ್ಲಿ ಯಾರೂ ಆ ಮಾತು ಎತ್ತಲಿಲ್ಲ, ನಾವಿಬ್ಬರೂ ಎತ್ತಲಿಲ್ಲ. ನಿನ್ನನ್ನು ದೂರುತ್ತಿಲ್ಲ, ನೀನೂ ಮಗುವೇ. ಆದರೆ ಆ ಸದ್ದನ್ನು ಕೇಳಿದ ಕಿವಿ ಪ್ರಪಂಚದಲ್ಲಿ ಇನ್ನೊಂದೇ ಇದೆ, ಅದು ನಿನ್ನದು.

ಕರೆಂಟು ಬಂತು. ಪ್ರೆಸ್ ಮತ್ತೆ ಹೊಡೆಯುತ್ತಿದೆ. ಈಗ ನನಗೆ ಏನೂ ಕೇಳಿಸುತ್ತಿಲ್ಲ, ಉಸಿರೂ, ಸದ್ದೂ. ದೀಪದಲ್ಲಿ ತುಟಿ ನೋಡಿದೆ. ಕಪ್ಪಾಗಿದೆಯೋ ನೆರಳೋ. ಅವಸರದಲ್ಲಿ ಅಕ್ಷರ ಕೆಡುತ್ತಿದೆ, ಕ್ಷಮಿಸು. ಟೆಂಪೋ ಸದ್ದು ಬೀದಿ ತುದಿಯಲ್ಲಿ ಕೇಳಿತು. ನೀನು ಚೆನ್ನಾಗಿರು, ಹೊತ್ತಿಗೆ ಸರಿಯಾಗಿ ಊಟ ಮಾಡು. ಪಾಪು ನಿನ್ನನ್ನು ನೋಡಿದರೆ ಈಗ ಗುರುತು ಹಿಡಿಯುತ್ತಾಳೆ.

ನಿನ್ನ ತಂಗಿ,
ಪಂಕಜಾ

ತಾ. ಕ. ಅಕ್ಕ, ಇದನ್ನು ಓದಿದ ತಕ್ಷಣ ಕೆಳಗಿನ ಮನೆಯ ನಂಬರಿಗೆ ಫೋನ್ ಮಾಡು. ಹನುಮಂತರಾಯಪ್ಪನವರು ಎತ್ತುತ್ತಾರೆ, ಪಂಕಜಾಳನ್ನು ಮಗುವಿನ ಸಮೇತ ಕರೀರಿ ಅನ್ನು. ಎಕ್ಸ್‌ಚೇಂಜಿನ ಫೋನೆಂದರೆ ಅವರಿಗೆ ಭಯ, ಕರೆಯುತ್ತಾರೆ. ಅವರ ನಡುಮನೆಯಲ್ಲಿ ಪ್ರೆಸ್ಸಿನ ಸದ್ದು ಕಡಿಮೆ. ನಾನು ಏನೂ ಕೇಳುವುದಿಲ್ಲ. ಫೋನನ್ನು ಪಾಪುವಿನ ಬಾಯಿಯ ಹತ್ತಿರ ಹಿಡಿಯುತ್ತೇನೆ. ಗದ್ದಲದೊಳಗಿಂದ ಒಂದು ದನಿ ಹೆಕ್ಕುವುದು ನಿನ್ನ ಕೆಲಸ, ಕೇಳಿಸಿಕೊ. ಆ ಸದ್ದೇ ಆಗಿದ್ದರೆ ನನಗೆ ಹೇಳಬೇಡ, ಅವರಿಗೆ ಹೇಳು, ತಮ್ಮ ಜೀಪು ತೆಗೆಯುತ್ತಾರೆ. ನಿನ್ನ ಮಾತು ನಂಬುತ್ತಾರೆ. ಅಲ್ಲದಿದ್ದರೆ ಅಲ್ಲ ಅನ್ನು, ಇನ್ನೆಂದೂ ಕೇಳುವುದಿಲ್ಲ. ಚೆನ್ನಾಗಿದೆ ಮಲಗು ಅಂತ ಮಾತ್ರ ಕೇಳದೆಯೇ ಹೇಳಿಬಿಡಬೇಡ. ಇದು ನನ್ನ ಕಾಯಿಲೆ ಹುಡುಕಿಕೊಂಡ ಕಳ್ಳದಾರಿ ಅಂತ ನಿನಗೆ ಅನ್ನಿಸಬಹುದು, ನನಗೂ ಅನ್ನಿಸುತ್ತಿದೆ. ಆದರೂ ಮಾಡು. ಆರಕ್ಕೆ ನಿನ್ನ ಪಾಳಿ ಮುಗಿಯುತ್ತದೆ, ಅದಕ್ಕೆ ಮುಂಚೆ, ಬೆಳಕು ಹರಿಯುವುದಕ್ಕೆ ಮುಂಚೆ. ಮುನಿಯಣ್ಣ ಹಾರನ್ ಹೊಡೆಯುತ್ತಿದ್ದಾನೆ. ಹಾಳೆಯಲ್ಲಿ ಬಿಟ್ಟುಹೋದ ಆ ಒಂದು ಸಲ ನನಗೆ ಬಾಕಿಯಿದೆ ಅಕ್ಕ, ಅದನ್ನು ನೀನು ಕೊಡು. ಫೋನ್ ಮಾಡು.