ಏನೂ ಇಲ್ಲದ್ದರ ಬಗ್ಗೆ ನಾನು ಮಾಡಿದ ಭಾಷಣ

ಲಾಂಡ್ರಿಯ ಮಹಡಿ ಮನೆ,
೧೪ನೇ ತಾರೀಕು, ಮಂಗಳವಾರ ಮಧ್ಯಾಹ್ನ

ಪ್ರೀತಿಯ ಗುಬ್ಬಿ,

ಹೇಗಿದ್ದೀಯ? ಬೆಟ್ಟದ ಮೇಲಿನ ಚಳಿಗೆ ಕಿವಿ ನೋಯುತ್ತದೆ ಎಂದು ಬರೆದಿದ್ದೆಯಲ್ಲ, ಕಡಿಮೆಯಾಯಿತೆ? ದೂರದರ್ಶಕದ ಹತ್ತಿರ ಕೂತಾಗ ಟೋಪಿ ತೆಗೆಯಬೇಡ. ಅಷ್ಟು ದೂರದ ನಕ್ಷತ್ರಗಳಿಗೆ ನೀನು ತಲೆ ಬಾಚಿದ್ದೀಯೋ ಇಲ್ಲವೋ ಕಾಣಿಸುವುದಿಲ್ಲ. ಹೊತ್ತಿಗೆ ಸರಿಯಾಗಿ ಊಟ ಮಾಡು. ನಾನು ಚೆನ್ನಾಗಿದ್ದೇನೆ. ಅಪ್ಪನೂ ಚೆನ್ನಾಗಿದ್ದಾರೆ, ಇಸ್ತ್ರಿ ಮೇಜಿನ ಮುಂದೆ ನಿಂತು ನಿಂತು ಸೊಂಟ ಮಾತ್ರ ಹಿಡಿದುಕೊಂಡಿದೆ. ಬಟ್ಟೆ ಒಗೆಯುವ ದೊಡ್ಡ ಯಂತ್ರ ಈಗಲೂ ಹಿಂಡುವ ಹೊತ್ತಿಗೆ ಗಡಗಡ ನಡುಗುತ್ತ ಗೋಡೆ ಬಿಟ್ಟು ಒಂದು ಮೊಳ ಮುಂದಕ್ಕೆ ಬರುತ್ತದೆ. ಸಂಜೆ ನಾವಿಬ್ಬರೂ ಅದನ್ನು ಅದರ ಜಾಗಕ್ಕೆ ತಳ್ಳಿ ಬಾಗಿಲು ಹಾಕುತ್ತೇವೆ.

ಈಗ ಸುದ್ದಿಗೆ ಬರುತ್ತೇನೆ, ಗಾಬರಿಯಾಗಬೇಡ. ಮೊನ್ನೆ ಭಾನುವಾರ ನಮ್ಮ ಬೀದಿಯ ಗ್ರಂಥಾಲಯದಲ್ಲಿ ನಿನ್ನ ಬದಲು ನಾನು ಭಾಷಣ ಮಾಡಿದೆ. ಆ ವಾರವೇ ದೂರದರ್ಶಕ ನಿನ್ನ ಪಾಳಿಗೆ ಬಂದಿದೆ, ಬರಲಾಗುವುದಿಲ್ಲ ಎಂದು ನೀನು ತಿಳಿಸುವಷ್ಟರಲ್ಲಿ ಹೊಸ ಗ್ರಂಥಪಾಲಕಿ ‘ಬ್ರಹ್ಮಾಂಡದ ಬೃಹತ್ ಶೂನ್ಯಗಳು’ ಎಂದು ದಪ್ಪಕ್ಷರದಲ್ಲಿ ಬರೆಸಿ ಹಾಲಿನಂಗಡಿ, ಕ್ಷೌರದಂಗಡಿ, ಬಸ್ ನಿಲ್ದಾಣ ಎಲ್ಲ ಕಡೆ ಅಂಟಿಸಿಯಾಗಿತ್ತು. ಅವಳು ಓಡೋಡಿ ಲಾಂಡ್ರಿಗೆ ಬಂದು, ಮಗಳ ಕಾಗದಗಳನ್ನೆಲ್ಲ ಓದಿರುತ್ತೀರಿ, ನೀವೇ ನಾಲ್ಕು ಮಾತು ಹೇಳಿ ಅಂದಳು. ನಾನು ಆಗ ಬಟ್ಟೆಗಳಿಗೆ ನಂಬರಿನ ಚೀಟಿ ಚುಚ್ಚುತ್ತಿದ್ದೆ, ಬಾಯಲ್ಲಿ ಏಳೆಂಟು ಗುಂಡುಪಿನ್ನು. ‘ಉಹೂಂ’ ಎಂದೇ ಅಂದೆ ಕಣೇ, ಅವಳಿಗೆ ಅದರ ಕೊನೆಯ ‘ಹೂಂ’ ಮಾತ್ರ ಕೇಳಿಸಿತು. ಪಿನ್ನು ಉಗುಳಿ ತಿದ್ದುವಷ್ಟರಲ್ಲಿ ಅವಳು ಬೀದಿಯ ತಿರುವು ದಾಟಿದ್ದಳು.

ಅಪ್ಪ ಇಸ್ತ್ರಿಪೆಟ್ಟಿಗೆಯಿಂದ ತಲೆ ಎತ್ತಲಿಲ್ಲ. ನಿನ್ನ ಓದಿನ ಮಾತು ಬಂತೆಂದರೆ ಅವರಿಗೆ ಎಲ್ಲಿಲ್ಲದ ಕೆಮ್ಮು ಬರುತ್ತದೆ. ‘ಏನೂ ಇಲ್ಲದ್ದನ್ನ ಓದೋಕೆ ಅಷ್ಟು ದೂರ ಹೋಗ್ಬೇಕಾ’ ಎಂದು ಅವರು ಅಂದು, ನೀನು ಪೆಟ್ಟಿಗೆ ಎತ್ತಿಕೊಂಡು ಹೊರಟು ಎರಡು ವರ್ಷವಾಯಿತು. ಅಲ್ಲಿಂದಾಚೆಗೆ ನಿಮ್ಮಿಬ್ಬರ ಮಾತೆಲ್ಲ ನನ್ನ ಮೂಲಕವೇ. ಅಪ್ಪನಿಗೆ ಬಿಸಿನೀರಿನ ಶಾಖ ಕೊಟ್ಟುಕೊಳ್ಳಲು ಹೇಳು ಎಂದು ನೀನು. ಅವಳಿಗೆ ಗಟ್ಟಿ ಬೂಟು ಕೊಂಡುಕೊಳ್ಳಲು ಹೇಳು ಎಂದು ಅವರು. ಸಂಬಳವಿಲ್ಲದ ಅಂಚೆಯವಳಾಗಿ ನನಗೆ ಸಾಕಾಗಿದೆ.

ಒಪ್ಪಿಕೊಂಡದ್ದಾಯಿತು ಎಂದು ನಿನ್ನ ಕಾಗದಗಳನ್ನು ಹರಡಿಕೊಂಡು ಮೂರು ಸಲ ಓದಿದೆ. ಗೆಲಾಕ್ಸಿಗಳು ಎಲ್ಲ ಕಡೆ ಸಮನಾಗಿ ಚೆಲ್ಲಿಕೊಂಡಿಲ್ಲ. ಸೋಪಿನ ನೊರೆಯಲ್ಲಿ ಗುಳ್ಳೆಗಳ ಪೊರೆಯ ಮೇಲೆ ಕೂತ ಹಾಗೆ ಸಾಲುಗಟ್ಟಿವೆ, ಗುಳ್ಳೆಗಳ ಒಳಗೆ ಹೆಚ್ಚುಕಡಿಮೆ ಏನೂ ಇಲ್ಲ, ಅಂಥ ಒಂದು ಗುಳ್ಳೆಯನ್ನು ದಾಟಲು ಬೆಳಕಿಗೇ ಹತ್ತಿಪ್ಪತ್ತು ಕೋಟಿ ವರ್ಷ ಹಿಡಿಯುತ್ತದೆ ಎಂದು ಬರೆದಿದ್ದೆಯಲ್ಲ, ಅಲ್ಲಿ ನನಗೆ ಧೈರ್ಯ ಬಂತು. ಬೆಳಕಿನ ವಿಚಾರ ನನಗೆ ತಿಳಿಯದು. ಆದರೆ ನೊರೆಯಲ್ಲಿ ಕೈ ಇಟ್ಟು ನನಗೆ ಇಪ್ಪತ್ತೇಳು ವರ್ಷವಾಯಿತು, ಅದರ ವಿಚಾರ ನನ್ನನ್ನು ಯಾರೂ ಪ್ರಶ್ನಿಸುವ ಹಾಗಿಲ್ಲ.

ಭಾನುವಾರ ದೊಡ್ಡ ಟಬ್ಬು, ಬಿಸಿನೀರು, ಸೋಪಿನ ಪುಡಿ ತೆಗೆದುಕೊಂಡು ಹೋದೆ. ಗೆಲಾಕ್ಸಿಗಳಿಗೆಂದು, ನಾಟಕ ಕಂಪನಿಯವರ ಉಡುಪು ಒಗೆಯುವಾಗ ಉದುರಿದ ಮಿನುಗು ಚೂರುಗಳನ್ನು ಒಂದು ಡಬ್ಬಿಯಲ್ಲಿ ಹಾಕಿಕೊಂಡಿದ್ದೆ. ನಲವತ್ತು ಜನ ಬಂದಿದ್ದರು. ಅಷ್ಟು ಜನರನ್ನು ನೋಡುತ್ತ ಎರಡು ಚಮಚ ಹಾಕಬೇಕಾದಲ್ಲಿ ಅರ್ಧ ಪೊಟ್ಟಣ ಸುರಿದುಬಿಟ್ಟೆ. ನೊರೆ ಎದ್ದಿತು. ಮೇಜು ತುಂಬಿತು, ಮೇಜಿನಿಂದ ಇಳಿಯಿತು. ನಾನು ಮಿನುಗು ಉದುರಿಸಿ, ನೋಡಿ, ಇದೇ ಬ್ರಹ್ಮಾಂಡ ಎಂದು ಹೇಳುವ ಹೊತ್ತಿಗೆ ಸರಿಯಾಗಿ ಗ್ರಂಥಪಾಲಕಿ ಸೆಖೆಯೆಂದು ಫ್ಯಾನು ಹಾಕಿದಳು. ಬ್ರಹ್ಮಾಂಡ ಎದ್ದು ಮುಂದಿನ ಸಾಲಿನ ಮೇಲೆ ಹೋಗಿ ಕೂತಿತು. ಔಷಧಿ ಅಂಗಡಿಯಾಕೆ ಕಣ್ಣು ಒರೆಸಿಕೊಂಡಳು. ನಿವೃತ್ತ ಹೆಡ್ಮಾಸ್ಟರರ ಮೀಸೆಯ ಮೇಲೆ ಮೂರು ಗೆಲಾಕ್ಸಿ ಅಂಟಿಕೊಂಡವು. ಪಕ್ಕದಲ್ಲಿದ್ದ ಕ್ಷೌರದಂಗಡಿಯವರು ವೃತ್ತಿಧರ್ಮ ಎನ್ನುವಂತೆ ಕರವಸ್ತ್ರ ತೆಗೆದು ಒರೆಸಲು ಹೋಗಿ ಬೈಸಿಕೊಂಡರು.

ನೆಲ ಒರೆಸಿ ಎಲ್ಲರೂ ಮತ್ತೆ ಕೂತ ಮೇಲೆ ಹೆಡ್ಮಾಸ್ಟರರು ಎದ್ದು ನಿಂತರು. "ಅಲ್ಲಮ್ಮಾ, ಅಲ್ಲಿ ಏನೂ ಇಲ್ಲ ಅಂತ ಗೊತ್ತಾಯ್ತಲ್ಲ. ಇನ್ನೂ ಅಲ್ಲೇನು ನೋಡ್ತಾಳೆ ನಿಮ್ಮ ಮಗಳು?"

ಜನರೆಲ್ಲ ನಕ್ಕರು. ನಿನ್ನ ಕಾಗದದಲ್ಲಿ ಅದಕ್ಕೆ ಉತ್ತರವಿತ್ತು, ಓದಿದ್ದೆ, ಆದರೆ ಆ ನಗು ಕೇಳಿದ ಮೇಲೆ ಒಂದಕ್ಷರವೂ ನೆನಪಿಗೆ ಬರಲಿಲ್ಲ. ಒದ್ದೆ ಸೀರೆಯ ಸೆರಗು ಹಿಂಡುತ್ತ ನಿಂತೆ. ನಿನ್ನನ್ನು ನಗೆಪಾಟಲು ಮಾಡಿಬಿಟ್ಟೆನಲ್ಲ ಎಂದು ಕಣ್ಣು ತುಂಬಿಕೊಂಡಿತು. ಆಗ ಹಿಂದುಗಡೆ, ದಿನಪತ್ರಿಕೆಗಳ ಕಪಾಟಿನ ಹತ್ತಿರ ಯಾರೋ ಕೆಮ್ಮಿದರು. ಆ ಕೆಮ್ಮು ನನಗೆ ಗೊತ್ತಿಲ್ಲವೆ? ಹನ್ನೆರಡು ಕೋಟು ಬಾಕಿ ಇದೆ, ನಾನು ಬರುವುದಿಲ್ಲ ಎಂದಿದ್ದ ಅಪ್ಪ, ತೋಳು ಮಡಿಚಿದ ಕೆಲಸದ ಅಂಗಿಯಲ್ಲೇ ಬಂದು ನಿಂತಿದ್ದರು.

"ಪೂರ್ತಿ ಖಾಲಿ ಅಲ್ಲ ಸಾರ್ ಅದು," ಅಂದರು. "ಒಳಗೆ ಅಲ್ಲೊಂದು ಇಲ್ಲೊಂದು ಗೆಲಾಕ್ಸಿ ಇರುತ್ತೆ, ಒಂಟಿಯಾಗಿ. ಅಕ್ಕಪಕ್ಕದವರು ಬಂದು ಡಿಕ್ಕಿ ಹೊಡೆಯಲ್ಲ, ಎಳೆದಾಡಲ್ಲ. ತನ್ನ ಪಾಡಿಗೆ ತಾನು ಬಿಟ್ಟರೆ ಒಂದು ಗೆಲಾಕ್ಸಿ ಹೇಗೆ ಬೆಳೆಯುತ್ತೆ ಅಂತ ನೋಡ್ಬೇಕಾದ್ರೆ ಅಲ್ಲೇ ನೋಡ್ಬೇಕು. ನನ್ನ ಮಗಳು ಅದನ್ನ ನೋಡ್ತಾಳೆ."

ಅಷ್ಟು ಹೇಳಿ ಕೂತುಬಿಟ್ಟರು. ಯಾರೂ ನಗಲಿಲ್ಲ. ಹೆಡ್ಮಾಸ್ಟರರು ಮೀಸೆ ಸವರಿಕೊಂಡು, ಹಾಗೆ ಹೇಳಿ ಮತ್ತೆ, ಎಂದು ಕೂತರು. ಎರಡು ವರ್ಷದಿಂದ ಅಪ್ಪನ ಬಾಯಲ್ಲಿ ನೀನು ‘ಅವಳು’, ಸಿಟ್ಟು ಬಂದ ದಿನ ‘ನಿನ್ನ ಮಗಳು’. ನಲವತ್ತು ಜನರ ಎದುರು ‘ನನ್ನ ಮಗಳು’ ಅಂದದ್ದನ್ನು ನಾನು ಈ ಕಿವಿಯಾರೆ ಕೇಳಿದೆ ಗುಬ್ಬಿ.

ಇವರಿಗೆ ಇದೆಲ್ಲ ಎಲ್ಲಿಂದ ಗೊತ್ತು ಎಂದು ಟಬ್ಬು ತೊಳೆಯುವಾಗ ಗ್ರಂಥಪಾಲಕಿಯನ್ನು ಕೇಳಿದೆ. ಅವರು ನಮ್ಮ ಬುಧವಾರದ ಓದುಗರು ಅಂದಳು. ಒಗೆದ ಪರದೆ ಕೊಡಲು ಬರುತ್ತಾರಂತೆ, ಮೂಲೆಯಲ್ಲಿ ಕೂತು ಆಕಾಶದ ಪುಸ್ತಕಗಳನ್ನು ಒಂದು ಗಂಟೆ ಓದುತ್ತಾರಂತೆ, ಪಕ್ಕದಲ್ಲಿ ನಿಘಂಟು. ಆ ಗ್ರಂಥಾಲಯಕ್ಕೆ ಇರುವುದೇ ನಾಲ್ಕು ಪರದೆ. ಅವನ್ನು ವಾರವಾರವೂ ಒಗೆದು ಕಿಟಕಿಯಾಚೆಯ ಬೀದಿ ಕಾಣುವಷ್ಟು ತೆಳ್ಳಗೆ ಮಾಡಿಟ್ಟಿದ್ದೇವೆ. ಮನೆಗೆ ಬಂದು ಕೇಳಿದರೆ, ಪುಸ್ತಕದ ಧೂಳು ಜಾಸ್ತಿ ಕಣೆ, ಪರದೆ ಬೇಗ ಕೊಳೆಯಾಗುತ್ತೆ ಅಂದರು. ನಾನೂ ಹೌದೌದು ಅಂದೆ.

ಹೆಡ್ಮಾಸ್ಟರರು, ಔಷಧಿ ಅಂಗಡಿಯಾಕೆ, ಗ್ರಂಥಪಾಲಕಿ ಎಲ್ಲರೂ ನಿನ್ನನ್ನು ಕೇಳಿದರೆಂದು ತಿಳಿಸಲು ಹೇಳಿದ್ದಾರೆ. ನಿನ್ನ ಪಾಳಿಯ ದಿನಗಳಲ್ಲಿ ಮೋಡ ಅಡ್ಡ ಬರದಿರಲಿ, ನಿನ್ನ ಕಣ್ಣು ತಂಪಾಗಿರಲಿ, ನೂರು ವರ್ಷ ಸುಖವಾಗಿರು ಮಗಳೇ.

ಇಂತಿ,
ನಿನ್ನ ಅಮ್ಮ

ಮತ್ತೊಂದು ವಿಷಯ: ಇಷ್ಟು ಹೊತ್ತು ಅಪ್ಪ ಎದುರಿಗೇ ಇದ್ದರು, ಈಗ ಗಿರಾಕಿ ಕರೆದರೆಂದು ಕೆಳಗೆ ಹೋದರು, ಬೇಗ ಬರೆಯುತ್ತೇನೆ. ಶುಕ್ರವಾರದ ರೈಲಿಗೆ ಟಿಕೆಟ್ ತೆಗೆಸಿದ್ದಾರೆ, ಶನಿವಾರ ಬೆಳಿಗ್ಗೆ ನಿನ್ನ ಬಾಗಿಲಲ್ಲಿರುತ್ತಾರೆ. ನಿನಗೆ ಬರೆಯಬೇಡ ಎಂದಿದ್ದಾರೆ, ಆದ್ದರಿಂದ ಇದನ್ನು ತುರ್ತು ಅಂಚೆಗೆ ಹಾಕುತ್ತಿದ್ದೇನೆ. ಯಾವುದೋ ಯಂತ್ರದ ಬಿಡಿಭಾಗ ಹುಡುಕಿಕೊಂಡು ಈ ಕಡೆ ಬಂದಿದ್ದೆ, ಹಾಗೇ ನೋಡಿ ಹೋಗೋಣ ಅಂತ, ಎಂದು ನಿನ್ನ ಹತ್ತಿರ ಹೇಳುತ್ತಾರೆ ನೋಡು. ಬೆಟ್ಟದ ತುದಿಯಲ್ಲಿ ಎಂಥ ಬಿಡಿಭಾಗ ಎಂದು ಕೇಳಬೇಡ. ತಪ್ಪಾಯಿತು ಎನ್ನಲು ಅವರಿಗೆ ಬಾಯಿ ಬರುವುದಿಲ್ಲ. ನಿನ್ನ ಅಂಗಿಗಳನ್ನೆಲ್ಲ ಹೊರಗೆ ತೆಗೆದು ಇಸ್ತ್ರಿ ಮಾಡಲು ನಿಲ್ಲುತ್ತಾರೆ. ಬೇಡ ಅನ್ನಬೇಡ ಕಣೇ, ಮಾಡಲಿ ಬಿಡು.