ಡಬ್ಬಿಯಲ್ಲಿ ಇರದ ಆಟ

ಹುಬ್ಬಳ್ಳಿ, ಕೆಳಗಿನ ಓಣಿ
ಫೆಬ್ರವರಿ ೩೦, ೨೧೮೬

ಸ್ವಂತ ಗಣಕಯಂತ್ರ ಇಟ್ಟುಕೊಂಡಿರುವವರಿಗೆ,

ಮೇಲೆ ಬರೆದ ದಿನ ನಿಮ್ಮ ಪಂಚಾಂಗದಲ್ಲಿ ಇಲ್ಲ. ನಮ್ಮಲ್ಲಿ ಎಲ್ಲ ತಿಂಗಳಿಗೂ ಮೂವತ್ತೇ ದಿನ. ಮಿಕ್ಕ ದಿನಗಳು ಯಾವ ತಿಂಗಳಿಗೂ ಸೇರುವುದಿಲ್ಲ. ಅವುಗಳಲ್ಲಿ ಹುಟ್ಟಿದವರು ಹುಟ್ಟಿದ ದಿನ ಹೇಳುವಾಗ ಸ್ವಲ್ಪ ತಡವರಿಸುತ್ತಾರೆ. ನನ್ನ ಕನ್ನಡವೂ ನಿಮಗೆ ಹಾಗೆ ತಡವರಿಸಿದಂತೆ ಕೇಳಿಸಬಹುದು. ನಿಮ್ಮ ಕಾಲದ ಬರಹಗಳನ್ನು ಓದಿ ಕಲಿತ ಭಾಷೆ ಇದು. ತೀರಿಹೋದವರ ಅಂಗಿಯ ಹಾಗೆ ಒಂದು ಕಡೆ ಸಡಿಲ, ಒಂದು ಕಡೆ ಬಿಗಿ. ಮನೆಯವರು ಆಡಿದ ಮಾತನ್ನು ನಿಮ್ಮ ಕಾಲದ ಹುಬ್ಬಳ್ಳಿಯವರು ಆಡುತ್ತಿದ್ದ ರೀತಿಗೆ ತಂದಿದ್ದೇನೆ. ಅದರಲ್ಲಿ ತಪ್ಪಿದ್ದರೆ ಕ್ಷಮಿಸಿ. ಬೇರೆ ಯಾವುದಕ್ಕೂ ನಾನು ನಿಮ್ಮ ಕ್ಷಮೆ ಕೇಳುವುದಿಲ್ಲ.

ನನ್ನ ಹೆಸರು ಚನ್ನವೀರ. ವಯಸ್ಸು ಐವತ್ತು ದಾಟಿದೆ. ಹಳೆಯ ಕಟ್ಟಡಗಳನ್ನು ಕೆಡವುವ ಮೊದಲು ಒಳಗೆ ಹೋಗಿ, ಏನು ಉಳಿದಿದೆ ಎಂದು ನೋಡಿ ಬರುವುದು ನನ್ನ ಕೆಲಸ. ನಾವು ಇರುವುದು ಹಗೇವಿನಲ್ಲಿ. ನಿಮ್ಮ ಕಡೆಯವರು ಜೋಳ ತುಂಬಿಡುತ್ತಿದ್ದ ನೆಲದಡಿಯ ಗುಂಡಿಗೆ ಆ ಹೆಸರಿತ್ತು. ಬಿಸಿಲು ತಾಳಲಾರದೆ ಮನುಷ್ಯರೇ ಕೆಳಗಿಳಿದ ಮೇಲೆ ಮನೆಗೂ ಅದೇ ಹೆಸರು ಬಂತು. ಹಗಲು ಒಳಗಿರುತ್ತೇವೆ. ಬಿಸಿಲು ಇಳಿದ ಮೇಲೆ ಮೆಟ್ಟಿಲು ಹತ್ತಿ ಬಂದು ಓಣಿಯಲ್ಲಿ ಕೂರುತ್ತೇವೆ, ಚಹ ಕುಡಿಯುತ್ತೇವೆ, ಒಬ್ಬರನ್ನೊಬ್ಬರು ಆಡಿಕೊಳ್ಳುತ್ತೇವೆ. ರೊಟ್ಟಿ ಇನ್ನೂ ಇದೆ. ಜೋಳ ಇಲ್ಲ. ಹಾಗಾದರೆ ರೊಟ್ಟಿ ಯಾವುದರದ್ದು ಎಂದು ಕೇಳಬೇಡಿ.

ಆಟ, ಪಾಠ, ಹಾಡು, ಔಷಧದ ಸಲಹೆ ಎಲ್ಲವೂ ನಮಗೆ ಕಾಲುವೆಯಲ್ಲಿ ಬರುತ್ತವೆ. ಇದು ನೀರಿನ ಕಾಲುವೆಯಲ್ಲ. ಪ್ರತಿ ಹಗೇವಿನ ಗೋಡೆಯಲ್ಲೂ ಒಂದು ಹಲಗೆ ಇದೆ. ಅದರ ಎದುರು ಕೂತರೆ ಬೇಕಾದದ್ದು ಬರುತ್ತದೆ, ಎದ್ದರೆ ಹೋಗುತ್ತದೆ. ನಮ್ಮ ಹತ್ತಿರ ಏನೂ ಉಳಿಯುವುದಿಲ್ಲ. ಕಾಲುವೆ ನಮ್ಮೆಲ್ಲರನ್ನೂ ಬಲ್ಲದು. ಯಾರ ಬೆರಳು ಎಷ್ಟು ಚುರುಕು, ಯಾರಿಗೆ ಯಾವಾಗ ಬೇಸರ ಬರುತ್ತದೆ, ಯಾರು ಸೋತರೆ ಎದ್ದು ಹೋಗುವವರು ಎಂಬುದೆಲ್ಲ ಅದಕ್ಕೆ ತಿಳಿದಿದೆ. ಅದಕ್ಕೆ ತಕ್ಕಂತೆ ಆಟ ತನ್ನನ್ನು ತಾನೇ ತಿದ್ದಿಕೊಳ್ಳುತ್ತದೆ. ಇದು ನಮಗೆ ಗೊತ್ತಿತ್ತು. ಗೊತ್ತಿರುವ ಸಂಗತಿಗಳ ಜೊತೆ ಮನುಷ್ಯ ಬಹಳ ಕಾಲ ಸುಖವಾಗಿ ಇರಬಲ್ಲ.

ನನ್ನ ಅಕ್ಕ ಮುಗಿಲವ್ವ ಹುಡುಗಿಯಾಗಿದ್ದಾಗಿನಿಂದ ಒಂದೇ ಆಟ ಆಡಿದವಳು: ಕೋಟೆಯಾಟ. ವೈರಿಗಳು ಬರುತ್ತಾರೆ, ಕೋಟೆ ಕಾಯಬೇಕು, ಅಷ್ಟೇ. ಅವಳ ಕೋಟೆ ಎಂದೂ ಬಿದ್ದಿರಲಿಲ್ಲ. ಗಂಡ ತೀರಿಕೊಂಡ ವರ್ಷವೂ ಬೀಳಲಿಲ್ಲ. ಆಟದ ವಿಷಯ ಹೊರಗೆ ಮಾತಾಡುವುದು ನಮ್ಮಲ್ಲಿ ಮರ್ಯಾದೆಯಲ್ಲ, ಒಬ್ಬರೇ ಕೂತು ತಿಂದದ್ದನ್ನು ಹೇಳಿಕೊಂಡ ಹಾಗೆ. ಆದ್ದರಿಂದ ಅವಳು ಯಾರಿಗೂ ಹೇಳಿರಲಿಲ್ಲ. ತಮ್ಮನಾದ ನನಗೆ ಮಾತ್ರ ಗೊತ್ತಿತ್ತು. ಓಣಿಯಲ್ಲಿ ಅವಳು ಬೆನ್ನು ನೆಟ್ಟಗಿಟ್ಟುಕೊಂಡು ನಡೆಯುತ್ತಿದ್ದಳು. ಅದಕ್ಕೆ ಬೇರೆ ಕಾರಣ ಅವಳ ಬದುಕಿನಲ್ಲಿ ನನಗೆ ಕಂಡಿರಲಿಲ್ಲ.

ಒಂದು ಸಂಜೆ ಪಕ್ಕದ ಹಗೇವಿನ ಫಕೀರವ್ವ ಬಾಯಿ ಜಾರಿ ಮಾತು ಬಿಟ್ಟಳು. ಫಕೀರವ್ವನ ಎರಡೂ ಕೈ ನಡುಗುತ್ತವೆ. ಒಂದು ಕಣ್ಣು ಕಾಣುವುದಿಲ್ಲ.

"ಇವತ್ತೂ ಬಂದಿದ್ರು ನೋಡವಾ ವೈರಿಗೋಳು. ಅಟ್ಟಿಬಿಟ್ಟೆ. ನನ್ನ ಕ್ವಾಟಿ ಇನ್ನೂತನಾ ಒಮ್ಮೆನೂ ಬಿದ್ದಿಲ್ಲ" ಎಂದಳು.

"ನಿಂದಾ?" ಎಂದು ಅಕ್ಕ ನಕ್ಕಳು. "ಚಾದ ವಾಟಿ ಹಿಡದ್ರ ಅರ್ಧಾ ಸೀರಿಗೆ ಕುಡಸ್ತಿ. ಕ್ವಾಟಿ ಹೆಂಗ ಹಿಡದಿ?"

"ಯಾಕವಾ, ಓಣ್ಯಾಗ ನೀ ಒಬ್ಬಾಕಿನ ಏನು ಹುಲಿ?"

ಆಚೆ ಕೂತಿದ್ದ ಇನ್ನೊಬ್ಬಳು ಮೆಲ್ಲಗೆ, "ನಂದೂ ಬಿದ್ದಿಲ್ಲ" ಎಂದಳು. ಅವಳ ಪಕ್ಕದವಳು ಚಹದ ಬಟ್ಟಲು ನೋಡತೊಡಗಿದಳು. ಅದರಲ್ಲೇ ಅವಳ ಉತ್ತರವೂ ತಿಳಿಯಿತು. ಓಣಿಯಲ್ಲಿ ಯಾರ ಕೋಟೆಯೂ ಬಿದ್ದಿರಲಿಲ್ಲ.

ಮರುದಿನ ಅಕ್ಕ ನನ್ನಲ್ಲಿಗೆ ಬಂದಳು. "ತಮ್ಮಾ, ನನ್ನ ಗುರ್ತು ಇಲ್ಲದ ಆಟ ಎಲ್ಲೆರೆ ಸಿಗತೈತೇನೋ?" ಎಂದು ಕೇಳಿದಳು. ಏಕೆ ಎಂದೆ. "ನನಗ ಗೆಲ್ಲೂದು ಬ್ಯಾಡ. ಆಡಾಕ ನನಗ ಬರತೈತೋ ಇಲ್ಲೋ, ಅಷ್ಟ ಗೊತ್ತಾಗ್ಲಿ. ಸಾಯೂದ್ರೊಳಗ."

ಇಷ್ಟನ್ನಷ್ಟೇ ಬೇಡಿದವರಿಗೆ ಇಲ್ಲವೆನ್ನುವುದು ಕಷ್ಟ. ನಾನು ಆಟ ಆಡುವವನಲ್ಲ. ಆದರೂ ಆ ದಿನದಿಂದ, ಹೆಂಡತಿ ನನ್ನ ಮಾತಿಗೆ ನಕ್ಕಾಗ, ಮೇಲಧಿಕಾರಿ ನನ್ನ ವರದಿಯನ್ನು ಹೊಗಳಿದಾಗ, ಇದು ನಿಜವಾದದ್ದೇ ಎಂದು ಅವರ ಮುಖ ನೋಡುವ ಅಭ್ಯಾಸ ನನಗೂ ಆಯಿತು.

ನಿಮ್ಮ ಸ್ವಂತ ಗಣಕಕ್ಕೆ ನಾವು ಒಂಟಿಪೆಟ್ಟಿಗೆ ಎನ್ನುತ್ತೇವೆ. ಯಾರನ್ನೂ ಅರಿಯದ, ಯಾರಿಗೂ ಸುದ್ದಿ ಮುಟ್ಟಿಸದ, ತನ್ನೊಳಗೆ ಇರುವುದನ್ನಷ್ಟೇ ತೋರಿಸುವ ಯಂತ್ರವೆಂದು ಕೇಳಿದ್ದೆವು. ಆಟ ಅದರೊಳಗೇ ಇರುತ್ತದೆ. ಆಡುವವನು ಗೆದ್ದರೂ ಸೋತರೂ ಅದಕ್ಕೆ ಒಂದೇ. ಕೊಪ್ಪೀಕರ ರಸ್ತೆ ಎಂದು ನೀವು ಕರೆಯುತ್ತಿದ್ದ ಕಡೆ, ಮಣ್ಣು ಮುಚ್ಚಿದ್ದ ಒಂದು ನೆಲಮಾಳಿಗೆಯ ಅಂಗಡಿಯಲ್ಲಿ ಅಂಥ ಪೆಟ್ಟಿಗೆ ನನಗೆ ಸಿಕ್ಕಿತು. ಬಾಗಿಲ ಮೇಲಿನ ಫಲಕದಲ್ಲಿ, "ಇಲ್ಲಿ ಎಲ್ಲಾ ತರಹದ ಗೇಮ್ ಹಾಕಿಕೊಡಲಾಗುವುದು" ಎಂದಿತ್ತು.

ಆ "ಹಾಕು" ಎಂಬ ಮಾತಿನ ಎದುರು ನಾನು ಸ್ವಲ್ಪ ಹೊತ್ತು ನಿಂತೆ. ನೀವು ಅಂಗಿ ಹಾಕುತ್ತಿದ್ದಿರಿ, ರಂಗೋಲಿ ಹಾಕುತ್ತಿದ್ದಿರಿ, ಹಕ್ಕಿಗೆ ಕಾಳು ಹಾಕುತ್ತಿದ್ದಿರಿ, ಮನೆಗೆ ಬೀಗ ಹಾಕುತ್ತಿದ್ದಿರಿ. ಹಾಗೆಯೇ ಗಣಕಕ್ಕೆ ಗೇಮ್ ಹಾಕುತ್ತಿದ್ದಿರಿ. ಹಾಕಿದ್ದು ಹಾಕಿದ ಜಾಗದಲ್ಲಿ ಇರುತ್ತದೆ ಎಂಬ ನಂಬಿಕೆ ಆ ಮಾತಿನಲ್ಲಿದೆ. ನಮಗೆ ಆ ನಂಬಿಕೆ ಹೊಸದು. ನಾನು ಅದನ್ನು ನಿಮ್ಮಿಂದ ಕಡ ತಂದ ಹಾಗೆ ಮನೆಗೆ ತಂದೆ.

ಅಂಗಡಿಯ ಕಪಾಟಿನಲ್ಲಿ ಆಟದ ಡಬ್ಬಿಗಳಿದ್ದವು. ಹೆಚ್ಚಿನವು ಗೆದ್ದಲಿಗೆ ಹೋಗಿದ್ದವು. ಉಳಿದದ್ದರಲ್ಲಿ ಒಂದರ ಮೇಲೆ ಕೋಟೆಯ ಚಿತ್ರವಿತ್ತು: ಹೊಗೆ, ಏಣಿ, ಬುರುಜಿನ ಮೇಲೆ ಒಬ್ಬ ಸೈನಿಕ. ಪೆಟ್ಟಿಗೆಯ ಜೊತೆ ಮನೆಗೆ ತಂದಾಗ ಅಕ್ಕ ಅದನ್ನು ಎರಡೂ ಕೈಯಲ್ಲಿ ಹಿಡಿದು ನೋಡಿದಳು. "ಭಾಳ ಹಗರ ಐತಲ್ಲೋ" ಎಂದಳು. ಇಷ್ಟು ದೊಡ್ಡ ಕೋಟೆ ಇಷ್ಟು ಹಗುರವೇ ಎಂಬುದು ಅವಳ ಮಾತು. ನಾನು ಗಮನ ಕೊಡಲಿಲ್ಲ. ಡಬ್ಬಿಯ ತಳದಲ್ಲಿ ಬಹಳ ಸಣ್ಣ ಅಕ್ಷರದ ಇಂಗ್ಲಿಷ್ ಸಾಲೊಂದಿತ್ತು. ಇಂಗ್ಲಿಷನ್ನು ನಾನು ಅಕ್ಷರ ಕೂಡಿಸಿ ಓದಬಲ್ಲೆ. ಕನೆಕ್ಷನ್ ಇಲ್ಲದೆ ನಡೆಯದು ಎಂಬ ಅರ್ಥ ಬಂತು. ನಿಮ್ಮ ಊರಿನ ಹಳೆಯ ಬರಹಗಳಲ್ಲಿ ನಾನು ಆ ಮಾತನ್ನು ಎಷ್ಟೋ ಸಲ ನೋಡಿದ್ದೆ: ಲೈಟಿನ ಕನೆಕ್ಷನ್, ನಳದ ಕನೆಕ್ಷನ್, ಗ್ಯಾಸಿನ ಕನೆಕ್ಷನ್. ಗಣಕಕ್ಕೆ ನಳ ಬೇಕಾಗಿರಲಾರದು. ಕರೆಂಟಿನ ಮಾತೇ ಇರಬೇಕೆಂದುಕೊಂಡು ಆ ಪೆಟ್ಟಿಗೆಗೆ ಹೊಂದುವ ಕರೆಂಟು ಒದಗಿಸಲು ಇಡೀ ಬೇಸಿಗೆ ಓಡಾಡಿದೆ.

ಪೆಟ್ಟಿಗೆ ಬೆಳಗಿತು. ನೀವು ಸಿ.ಡಿ. ಎನ್ನುತ್ತಿದ್ದ ಹೊಳೆಯುವ ಬಿಲ್ಲೆಯನ್ನು ಒಳಗಿಟ್ಟೆವು. ಅದು ಗಿರಗಿರನೆ ತಿರುಗುವ ಸದ್ದಿಗೆ ಅಕ್ಕ ಬೆಚ್ಚಿದಳು. ಕಾಲುವೆ ಸದ್ದು ಮಾಡುವುದಿಲ್ಲ. ಯಂತ್ರ ಉದ್ದನೆಯ ಒಪ್ಪಂದವೊಂದನ್ನು ತೋರಿಸಿ ಒಪ್ಪಿಗೆಯೇ ಎಂದು ಕೇಳಿತು. ಅಂಗಡಿಯವನು ಪೆಟ್ಟಿಗೆಯ ಬೆನ್ನಿಗೆ ಗಿರಾಕಿಗಳಿಗಾಗಿ ಅಂಟಿಸಿದ್ದ ಚೀಟಿಯಲ್ಲಿ, "ಓದುತ್ತಾ ಕೂರಬೇಡಿ, ನೆಕ್ಸ್ಟ್ ನೆಕ್ಸ್ಟ್ ಕೊಡುತ್ತಾ ಹೋಗಿ" ಎಂದಿತ್ತು. ನಾವೂ ಕೊಡುತ್ತಾ ಹೋದೆವು. ಆಮೇಲೆ ಅದು ಅಕ್ಕನ ಹೆಸರು ಕೇಳಿತು. ಅವಳು ನನ್ನ ಮುಖ ನೋಡಿದಳು. ಹುಟ್ಟಿದಾಗಿನಿಂದ ಯಾವ ಹಲಗೆಯೂ ಅವಳ ಹೆಸರು ಕೇಳಿರಲಿಲ್ಲ.

"ನೋಡೋ, ಇದಕ್ಕ ನಾ ಯಾರಂತ ಖರೇನ ಗೊತ್ತಿಲ್ಲ!" ಎಂದಳು. ಮದುವೆಗೆ ಬಂದವರಂತೆ ಸೀರೆಯ ಸೆರಗು ಸರಿಮಾಡಿಕೊಂಡು ಒಂದೊಂದೇ ಅಕ್ಷರ ಒತ್ತಿದಳು.

ಪರದೆಯ ಮೇಲೆ ಒಂದು ಬಣ್ಣದ ಪಟ್ಟಿ ಎಡದಿಂದ ಬಲಕ್ಕೆ ತುಂಬಿತು. ಅದು ಮುಗಿದ ಮೇಲೆ ಎರಡನೆಯ ಪಟ್ಟಿ ಬಂತು. ಅದು ತುಂಬಲಿಲ್ಲ. ನಮ್ಮ ಜನ ಕಾಯುವುದನ್ನು ಮರೆತವರು. ವೈರಿಗಳು ಇನ್ನೂ ದೂರದಲ್ಲಿದ್ದಾರೆ, ಆಟ ಶುರುವಾಗಿದೆ ಎಂದೇ ಅಕ್ಕ ತಿಳಿದಳು. ಬೆರಳುಗಳನ್ನು ಕೀಲಿಗಳ ಮೇಲೆ ಇಟ್ಟುಕೊಂಡು, ಕಣ್ಣು ಮಿಟುಕಿಸದೆ, ಮಧ್ಯಾಹ್ನವೆಲ್ಲ ಆ ಖಾಲಿ ಪಟ್ಟಿಯನ್ನು ಕಾದಳು. ಅಷ್ಟು ಚೆನ್ನಾಗಿ ಅವಳು ಯಾವ ಕೋಟೆಯನ್ನೂ ಕಾದಿರಲಾರಳು. ಕೊನೆಗೆ ಒಂದು ಸಾಲು ಮೂಡಿತು. "ಆಟದ ಉಳಿದ ಭಾಗವನ್ನು ನಮ್ಮ ಕಂಪನಿಯಿಂದ ತರಿಸಿಕೊಳ್ಳಬೇಕು, ನಮ್ಮ ಸಂಪರ್ಕ ಸಿಗುತ್ತಿಲ್ಲ, ಆಮೇಲೆ ಪ್ರಯತ್ನಿಸಿ."

ಆಮೇಲೆ ಎಂದರೆ ನಾವೇ. ನಮ್ಮ ನಂತರ ಇನ್ನು ಯಾರು ಪ್ರಯತ್ನಿಸಬೇಕು?

ಬಿಲ್ಲೆಯಲ್ಲಿ ಇದ್ದದ್ದು ಆಟವಲ್ಲ, ಆಟ ಕೇಳಿ ಪಡೆಯುವ ಅನುಮತಿ. ಅಕ್ಕನಿಗೆ ಇದನ್ನು ತಿಳಿಸಿ ಹೇಳಲು ಸ್ವಲ್ಪ ಹೊತ್ತು ಹಿಡಿಯಿತು.

"ಡಬ್ಬ್ಯಾಗ ಆಟ ಇಲ್ಲಂತ ತಗೊಂಡವ್ರಿಗೆ ಗೊತ್ತಿತ್ತೇನೋ?"

"ತಳದಾಗ ಬರದಿದ್ರು ಅಕ್ಕಾ."

"ಗೊತ್ತಿದ್ದೂ ತಗೊಂಡ್ರಾ?"

"ಹೌದು. ಅವಾಗ ನಡೀತಿತ್ತಲ್ಲ."

"ಮತ್ತ ನಮ್ಮ ಓಣ್ಯಾಗಿನವ್ರಿಗೆ ಹುಚ್ಚು ಅಂತೀಯಲ್ಲೋ" ಎಂದು ಹೇಳಿ ಅವಳು ಮೇಲೆದ್ದಳು.

ನಿಮ್ಮನ್ನು ಕೆಟ್ಟವರೆನ್ನಲು ನನಗೆ ಆಧಾರಗಳಿಲ್ಲ. ನೀವು ಅವಸರದಲ್ಲಿದ್ದಿರಿ. ಸಂಜೆ ಮನೆಗೆ ಬಂದು, ಕೈಕಾಲು ತೊಳೆದು, ಒಂದಿಷ್ಟು ಹೊತ್ತು ಆಡಿ ಮಲಗಬೇಕಾಗಿತ್ತು. ಆಟ ಎಲ್ಲಿಂದ ಬರುತ್ತದೆ ಎಂದು ಕೇಳುವಷ್ಟು ಪುರುಸೊತ್ತು ಇರಲಿಲ್ಲ. ಆದರೆ ಮನೆಯ ಕಪಾಟಿನಲ್ಲಿ ಆ ಡಬ್ಬಿಗಳನ್ನು ಸಾಲಾಗಿ ಜೋಡಿಸಿ, ಇವೆಲ್ಲ ನನ್ನವು ಎಂದು ಬಂದವರಿಗೆ ತೋರಿಸುತ್ತಿದ್ದಿರಿ. ಅದನ್ನು ಮಾತ್ರ ನಾನು ಮರೆಯಲಾರೆ. ನಮ್ಮ ಹತ್ತಿರ ಏನೂ ಇಲ್ಲ, ಇದೆ ಎಂದು ನಾವು ಹೇಳಿಕೊಳ್ಳುವುದೂ ಇಲ್ಲ.

ಕೆಲವು ದಿನ ಬಿಟ್ಟು ಅಕ್ಕ ಮತ್ತೆ ಹಲಗೆಯ ಮುಂದೆ ಕೂತಳು. ಬೇರೆ ಏನು ಮಾಡಬೇಕೆಂದು ಅವಳಿಗೆ ತಿಳಿದಿರಲಿಲ್ಲ. ನಾನು ಆ ಹೊತ್ತಿಗೆ ಅವಳ ಹಗೇವಿನಲ್ಲೇ ಇದ್ದೆ. ಇದ್ದಕ್ಕಿದ್ದಂತೆ ಅವಳು ಕೂಗಿಕೊಂಡಳು.

"ಬಿತ್ತೋ ತಮ್ಮಾ! ನನ್ನ ಕ್ವಾಟಿ ಬಿತ್ತು! ಉತ್ತರದ ಬಾಗಲಾ ಹಾಂಗ ಬಿಟ್ಟಿದ್ದೆ ನೋಡು. ನಂದ ತಪ್ಪು! ನಂದ!"

ಅವಳ ಮುಖದಲ್ಲಿ ಅಂಥ ಬೆಳಕನ್ನು ನಾನು ಕಂಡಿರಲಿಲ್ಲ. ಕಣ್ಣಲ್ಲಿ ನೀರಿತ್ತು. ಸ್ವಂತ ತಪ್ಪೊಂದನ್ನು ಮಗುವಿನ ಹಾಗೆ ಎತ್ತಿ ಎತ್ತಿ ತೋರಿಸುತ್ತಿದ್ದಳು. ಹಲಗೆಯ ಮೇಲೆ ಬೆಂಕಿ ಆರಿತು, ಹೊಗೆ ತೆಳುವಾಯಿತು, ಅದರ ನಡುವಿನಿಂದ ಒಂದು ಪ್ರಶ್ನೆ ವಿನಯದಿಂದ ಮೂಡಿ ಬಂತು: ಈ ಸೋಲು ನಿಮಗೆ ಹಿಡಿಸಿತೇ?

ಅವಳು ಅದನ್ನು ಓದಿದಳು. ನೆಲ ಒರೆಸುವ ಅರಿವೆ ತಂದು ಹಲಗೆಯ ಮೇಲೆ ಹೊದಿಸಿದಳು.

"ತಪ್ಪೂ ನಂದಲ್ಲಂತ" ಎಂದಳು.

ಅಂದಿನಿಂದ ಅವಳು ಆಡಿಲ್ಲ. ನನ್ನ ಜೊತೆ ಹಳೆಯ ಕಟ್ಟಡಗಳಿಗೆ ಬರುತ್ತಾಳೆ. ಸಿಕ್ಕ ಡಬ್ಬಿಯನ್ನು ಮೊದಲು ಕೈಯಲ್ಲಿ ತೂಗಿ ನೋಡುತ್ತಾಳೆ. ಸಿಕ್ಕದ್ದೆಲ್ಲ ಹಗುರ, ಇಲ್ಲವೇ ಗೆದ್ದಲು ತಿಂದದ್ದು.

ಇನ್ನು ನನ್ನ ಬೇಡಿಕೆ. ನಿಮ್ಮಲ್ಲಿ ಯಾರಾದರೂ ಒಬ್ಬರು ನಿಮ್ಮ ಸ್ವಂತ ಗಣಕಕ್ಕೆ ಒಂದು ಆಟ ಹಾಕಿ. ಹಾಕಿದ ಮೇಲೆ ಹೊರಗಿನ ಎಲ್ಲ ಸಂಪರ್ಕ ಕಿತ್ತು, ಅದು ನಡೆಯುತ್ತದೆಯೇ ನೋಡಿ. ನಡೆಯದಿದ್ದರೆ ಅದು ನಿಮ್ಮದಲ್ಲ, ಬೇರೆಯದನ್ನು ಹುಡುಕಿ. ನಡೆದರೆ ಆ ಬಿಲ್ಲೆಯನ್ನು ನೀರು ಹೋಗದ ಡಬ್ಬಿಯಲ್ಲಿ ಮುಚ್ಚಿ, ಹುಬ್ಬಳ್ಳಿಯ ನೃಪತುಂಗ ಬೆಟ್ಟದ ಪಡುವಣ ಇಳಿಜಾರಿನಲ್ಲಿ, ಒಂಟಿ ಕರಿಬಂಡೆಯ ಬುಡದಲ್ಲಿ, ಆಳವಾಗಿ ಹೂತಿಡಿ. ಕಠಿಣವಾದ ಆಟ ಇರಲಿ. ಆಡುವವರ ಮೇಲೆ ದಯೆ ತೋರಿಸದ ಆಟ ಇರಲಿ.

ಹಿಂದಿನ ಕಾಲಕ್ಕೆ ಕಾಗದ ಒಯ್ಯುವ ಅಂಚೆಯನ್ನು ನಾವು ಹಿನ್ನಂಚೆ ಎನ್ನುತ್ತೇವೆ. ಅದು ಒಯ್ಯುತ್ತದೆ, ಉತ್ತರ ತರುವುದಿಲ್ಲ. ಆದರೆ ಈ ಕಾಗದಕ್ಕೆ ಉತ್ತರ ಬೇಕಿಲ್ಲ. ನೀವು ಹೂತಿಟ್ಟಿದ್ದರೆ ಅದು ನಮ್ಮ ಕಾಲದಲ್ಲಿ ಆಗಲೇ ಅಲ್ಲಿ ಇರಬೇಕು. ಈ ಲೆಕ್ಕ ಹೊಳೆದ ಕೂಡಲೇ, ನಿನ್ನೆ ಸಂಜೆ, ಅಕ್ಕನೂ ನಾನೂ ಹೋಗಿ ಆ ಬಂಡೆಯ ಬುಡ ಅಗೆದೆವು. ಕಲ್ಲು ಸಿಕ್ಕಿತು, ಮಣ್ಣು ಸಿಕ್ಕಿತು. ಹಾಗಾದರೆ ನಾನು ಬರೆಯುವುದೇ ದಂಡ ಎಂದೆ.

ಅಕ್ಕ ಒಪ್ಪಲಿಲ್ಲ. "ನಿನ್ನಿ ನೀ ಕಾಗದ ಬರದಽ ಇರಲಿಲ್ಲಲ್ಲೋ ಶಾಣ್ಯಾ. ಬರೀಲಾರದ ಕಾಗದ ಅವ್ರು ಹೆಂಗ ಓದ್ಯಾರು? ಮದ್ಲ ಬರದು ಕಳಸು. ಆಮ್ಯಾಲ ನೋಡೂಣಂತ."

ಕಾಲ ಹಾಗೆ ನಡೆಯುವುದಿಲ್ಲವೆಂದು ನನ್ನ ತಿಳಿವಳಿಕೆ. ಆದರೆ ಅವಳು ಸಲಿಕೆ ಹಿಡಿದು ಮೆಟ್ಟಿಲ ಮೇಲೆ ನಿಂತಿದ್ದಾಳೆ, ಮುಗಿಯಿತೇ ಎಂದು ಎರಡು ಸಲ ಕೇಳಿದ್ದಾಳೆ. ಬಿಸಿಲು ಇಳಿದಿದೆ. ಈ ಕಾಗದವನ್ನು ಅಂಚೆಗೆ ಕೊಟ್ಟು ಹಾಗೆಯೇ ಬೆಟ್ಟದ ಕಡೆ ಹೋಗುತ್ತೇವೆ. ನೀವು ಎಂಥವರೆಂದು ಅಗೆದು ನೋಡುತ್ತೇವೆ.

ಚನ್ನವೀರ