ಸಾಹೇಬರು ನೀರು ಕುಡಿದರು

ನವೆಂಬರ್ 3, ಬೆಳಿಗ್ಗೆ
ಕೊಟ್ಟೂರಿನ ಬಸ್ಸು ಇನ್ನೂ ಬಂದಿಲ್ಲ. ನಾನು ಕೆಲಸ ಮಾಡುವ ಲ್ಯಾಬಿನ ಮುಂದೆ ಆಗಲೇ ಜನ ನಿಂತಿರುತ್ತಾರೆ, ಪರೀಕ್ಷೆಗೆ ರಕ್ತ ಕೊಡಲು. ಅಜ್ಜಿಗೆ ಮತ್ತೆ ಉಬ್ಬಸ. ಗಂಜಿ ಕುಡಿಸುವಾಗ ಕೇಳಿದಳು — "ಸಮತಾ, ನನ್ನ ಎಲ್ಲಿ ಮಣ್ಣು ಮಾಡ್ತೀರವ್ವಾ?"

ಏನು ಹೇಳಲಿ! ನಮ್ಮ ಕೇರಿಯವರನ್ನು ಹೂಳುತ್ತಿದ್ದದ್ದು ಕೆರೆ ಅಂಗಳದಲ್ಲಿ. ಈ ವರ್ಷ ಅಲ್ಲಿ ಎದೆಮಟ್ಟ ನೀರು. ಗೋಮಾಳದಲ್ಲಿ ಸ್ಮಶಾನಕ್ಕೆ ಜಾಗ ಬಿಡಿಸಿಕೊಡಿ ಅಂತ ಹೈಕೋರ್ಟು ಹೇಳಿ ವರ್ಷವಾಗುತ್ತಾ ಬಂತು. ಅಲ್ಲಿ ಇನ್ನೂ ಪಕ್ಕದ ಹೊಲದವರ ಮೆಕ್ಕೆಜೋಳ. ಕೇಸು ಹಾಕಿದವನು ಅಪ್ಪ. ಆದೇಶ ಪಾಲಿಸಿಲ್ಲ ಅಂತ ಈಗ ಕಂಟೆಂಪ್ಟೂ ಹಾಕಿದ್ದಾನೆ. 14ಕ್ಕೆ ತಹಶೀಲ್ದಾರ್ ಸಾಹೇಬರು ಖುದ್ದು ಧಾರವಾಡದ ಹೈಕೋರ್ಟಿಗೆ ಬಂದು ನಿಲ್ಲಬೇಕಂತೆ. ನಿಲ್ಲಲಿ. ಒಂದು ಸಲ ಅವರೂ ಬೆವರಲಿ.

ನವೆಂಬರ್ 9, ಭಾನುವಾರ
ಸಾಹೇಬರು ಮನೆಗೇ ಬಂದಿದ್ದರು! ಗೋಮಾಳದಲ್ಲಿ ನಾಲ್ಕು ಗೂಟ ಹೊಡೆಸಿ ನೇರ ಇಲ್ಲಿಗೆ.

"ಜೋಗಪ್ಪ, ಅಳತಿ ಮುಗಿಸೇವಿ. ಬೆಳಿ ತೆಗಿಸಿ ಕಲ್ಲು ನೆಡೋದು ವಾರದಾಗ ಮಾಡ್ತೀವಿ. ಜಾಗ ಬಂತು ಅಂತ ವಕೀಲರಿಗೆ ಹೇಳಿಬಿಡ್ರಿ. ಮಗಳ ಮದುವಿ ಐತಿ... ಕೋರ್ಟಿನಾಗ ನಿಲ್ಲಿಸಬ್ಯಾಡ್ರಿ."

ಆಮೇಲೆ ನೀರು ಕೇಳಿದರು. ಬಾಟಲಿ ತರಿಸಲು ಎದ್ದೆ. "ಬ್ಯಾಡವ್ವ, ಕೊಡದ ನೀರೇ ಕೊಡು." ಅಜ್ಜಿಯ ಹಿತ್ತಾಳೆ ಚೆಂಬು. ಎತ್ತಿ ಕುಡಿಯಲಿಲ್ಲ — ಕಚ್ಚಿಯೇ ಕುಡಿದರು. ಊರಿನ ಹೋಟೆಲಿನಲ್ಲಿ ಇವತ್ತಿಗೂ ನಮಗಷ್ಟೇ ಪೇಪರ್ ಕಪ್ಪು. ಅಪ್ಪನ ಕಣ್ಣು ತುಂಬಿದ್ದವು.

ಜೀಪು ಹೋದ ಮೇಲೆ ಜಗಳ.

"ಅಪ್ಪಾ, ಮೊದಲು ಕಲ್ಲು ನೆಡ್ಲಿ. ಆಮ್ಯಾಗ ಹೇಳೋಣು."

"ನಮ್ಮನಿ ನೀರು ಕುಡುದಾರವ್ವಾ! ಉಂಡ ಮನಿಗೆ ಎರಡು ಬಗೀತಾರೇನು?"

ಸಿಟ್ಟಿಗೆ ನನಗೆ ಊಟವೇ ಸೇರಲಿಲ್ಲ.

ನವೆಂಬರ್ 14
ನಮ್ಮ ವಕೀಲ ಪ್ರವೀಣಕುಮಾರರ ಫೋನ್. "ಜಾಗ ಬಂದೈತಿ ಅಂತ ನಿಮ್ಮಪ್ಪ ಹೇಳ್ಯಾರ. ಕೇಸು ಮುಗೀತು." ಅಷ್ಟೇ. ಅಪ್ಪ ಅಜ್ಜಿಯ ಕಿವಿಯಲ್ಲಿ ಕೂಗಿ ಹೇಳಿದ. ಅಜ್ಜಿ ನಕ್ಕಳು. ಎಷ್ಟು ದಿನವಾಗಿತ್ತು ಅವಳು ನಕ್ಕು! ನಾನೂ ನಂಬಲು ನೋಡಿದೆ. ಆಗುತ್ತಿಲ್ಲ.

ನವೆಂಬರ್ 23
ಗೋಮಾಳದಲ್ಲಿ ಗೂಟ ಇಲ್ಲ. ಯಾರೋ ಕಿತ್ತಿದ್ದಾರೆ. ಮೆಕ್ಕೆಜೋಳ ಮುರಿದುಕೊಂಡು ಕಡಲೆ ಬಿತ್ತಿಬಿಟ್ಟಿದ್ದಾರೆ. ಸಾಹೇಬರು ರಜೆಯಂತೆ. "ಮದುವಿ ಮುಗೀಲಿ, ತಡಿ" — ಅಪ್ಪ. ಅವನ ದನಿಯೂ ಸಣ್ಣದಾಗಿದೆ. ಅಜ್ಜಿಗೆ ಹೇಳಿಲ್ಲ. ರಾತ್ರಿಯೆಲ್ಲ ಅವಳ ಉಸಿರು ಎಣಿಸುತ್ತಾ ಕೂರುತ್ತೇನೆ.

ಡಿಸೆಂಬರ್ 2
ಅಜ್ಜಿ ಹೋದಳು. ಬೆಳಿಗ್ಗೆ.

ಸಾಹೇಬರು ಫೋನ್ ಎತ್ತುತ್ತಿಲ್ಲ. ಅವರ ಆಫೀಸಿಗೆ ಮಾಡಿದೆ. "ಜಾಗ ಬಂತು ಅಂತ ಕೋರ್ಟಿಗೆ ನೀವ ಹೇಳೀರಲ್ರಿ, ಮತ್ತೇನು?" ಇಟ್ಟುಬಿಟ್ಟರು.

ಗೋಮಾಳದ ಬದುವಿನ ಮೇಲೆ ಹೊಲದವರು ಬಡಿಗೆ ಹಿಡಿದು ನಿಂತಿದ್ದಾರೆ. ಕೇರಿಯವರೆಲ್ಲ ಅಪ್ಪನನ್ನೇ ನೋಡುತ್ತಿದ್ದಾರೆ. ಅಪ್ಪ ಯಾರನ್ನೂ ನೋಡುತ್ತಿಲ್ಲ. ಅದೇ ಚೆಂಬು ತಂದು ಅಜ್ಜಿಯ ಬಾಯಿಗೆ ನೀರು ಬಿಟ್ಟ.

"ಇನ್ನೊಂದ್ಸಲ ಸಾಹೇಬ್ರಿಗೆ ಫೋನ್ ಮಾಡವ್ವ ಸಮತಾ. ನೀರು ಕುಡುದಾರ... ಎತ್ತತಾರ."

ರಿಂಗ್ ಆಗುತ್ತಿದೆ —